ಸಮಸ್ಯೆ: ‘ಬಟ್ಟನೆ ಮೂಡಿದನು ಚಂದ್ರನಮವಾಸ್ಯೆಯೊಳೇ’

ಸಂಚಾಲಕ (ಬಾಗಲಕೋಟೆ):
ಬಳಗದ ಎಲ್ಲರಿಗೂ ನಮಸ್ಕಾರ. ಈ ವಾರದ ಸಮಸ್ಯೆ, ಅಂದರೆ ಒಗಟಿನಂಥ ಸಾಲು, ಮೇಲಿದೆ. ಕಂದಪದ್ಯದ ಕೊನೆಯ ಸಾಲು. ಮೊದಲ ಮೂರನ್ನು ನೀವು ಬರೆದು ಅದಕ್ಕೆ ಅರ್ಥ ಕೂಡಿಸಬೇಕು, ಅದೇ ಪೂರಣ.

ಹೊಸಬರಿಗಾಗಿ ಒಂದೆರಡು ಮಾತು. ಕಂದದಲ್ಲಿ ಎಲ್ಲವೂ ನಾಲ್ಕು ಮಾತ್ರೆಯ ಗಣಗಳು (ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು). 1 ಮತ್ತು 3ನೇ ಸಾಲಿಗೆ ಮೂರು ಗಣ, 2 ಮತ್ತು 4ನೇ ಸಾಲಿಗೆ ಐದು. ಒಟ್ಟು 64 ಮಾತ್ರೆ. ಉದ್ದ ಸಾಲಿನ ನಡುವಿನ ಗಣ ಜಗಣ (ಲಘು, ಗುರು, ಲಘು) ಆಗಿರಬೇಕು, ಇಲ್ಲವೇ ನಾಲ್ಕೂ ಲಘು. ನಾನು ಕೊಟ್ಟ ಸಾಲಿನಲ್ಲಿ ಅದು ‘ನು ಚಂದ್ರ’. ಸಾಲಿನ ಕೊನೆಗೆ ಗುರು. ಪ್ರಾಸಾಕ್ಷರ, ಅಂದರೆ ಪ್ರತಿ ಸಾಲಿನ ಎರಡನೇ ಅಕ್ಷರ, ‘ಟ್ಟ’. ಒಂದೇ ವ್ಯಂಜನದ ಒತ್ತು ಇರುವುದರಿಂದ ಇದು ಹಯಪ್ರಾಸ. ಉತ್ತರ ಕರ್ನಾಟಕದವರಿಗೆ ಇದು ಕಷ್ಟ ಆಗಬಾರದು. ರೊಟ್ಟಿ ಇದೆ, ಹಿಟ್ಟಿದೆ, ಬುಟ್ಟಿ ಇದೆ.

ಅಮಾವಾಸ್ಯೆಗೆ ಚಂದ್ರ ಹೇಗೆ ಮೂಡುತ್ತಾನೆ ಅನ್ನುವ ಗಂಟನ್ನು ಬಿಡಿಸುವುದು ಒಂದು ಕೆಲಸ. ಇನ್ನೊಂದೂ ಇದೆ. ‘ಬಟ್ಟನೆ’ ಅನ್ನುವ ಮಾತಿಗೆ ಪದ್ಯದಲ್ಲಿ ಕೆಲಸ ಕೊಡಬೇಕು. ಅದನ್ನು ತೆಗೆದರೂ ಪದ್ಯ ನಡೆಯುತ್ತದೆ ಅಂತಾದರೆ ಪೂರಣ ಅರ್ಧವೇ.

ಕೋಟೆ ಕೆರೆ ಹುಡುಗ (ಬೆಳಗಾವಿ):
ಸರ್, ನಾನು ಹೊಸಬ. ಬಟ್ಟನೆ ಅಂದರೆ ಥಟ್ಟನೆ ಅಂತಾನಾ? ತಟಕ್ಕನೆ ಮೂಡಿದ ಅಂತ?

ಮುಧೋಳ ಮೇಷ್ಟ್ರು:
ಅಲ್ಲ ತಮ್ಮಾ. ಒಳ್ಳೆಯದಾಯಿತು ಕೇಳಿದ್ದು, ಯಾಕಂದ್ರೆ ಕೇಳದೆ ಹಾಗೇ ತಿಳಿದುಕೊಂಡು ಪದ್ಯ ಹೊಸೆಯುವವರು ಬಹಳ. ಥಟ್ಟನೆ, ಗಕ್ಕನೆ, ಪಟ್ಟನೆ ಇವೆಲ್ಲ ವೇಗದ ಮಾತುಗಳು. ತಣ್ಣನೆ, ಬೆಚ್ಚನೆ, ನುಣ್ಣನೆ ಇವು ಮುಟ್ಟಿ ತಿಳಿಯುವ ಗುಣದ ಮಾತುಗಳು. ಎಲ್ಲಕ್ಕೂ ಬಾಲ ಒಂದೇ, ‘ನೆ’. ಬಟ್ಟನೆ ಎರಡನೆಯ ಮನೆಗೆ ಹತ್ತಿರದ್ದು, ಆದರೆ ಅದು ಹೇಳುವುದು ಆಕಾರ. ದುಂಡಗೆ, ಗುಂಡಗೆ ಅಂತ ಅರ್ಥ.

‘ಬಟ್ಟ’ ಅಂದರೆ ದುಂಡು. ಸಂಸ್ಕೃತದ ‘ವೃತ್ತ’ದ ತದ್ಭವ. ವಿದ್ಯೆ ಬಿಜ್ಜೆ ಆದ ಹಾಗೆ, ವರ್ಣ ಬಣ್ಣ ಆದ ಹಾಗೆ ಇಲ್ಲೂ ‘ವ’ ಹೋಗಿ ‘ಬ’ ಬಂದಿದೆ. ತಮಿಳರು ಇವತ್ತಿಗೂ ವಟ್ಟಂ ಅನ್ನುತ್ತಾರೆ. ನಮ್ಮ ಬಾಯಿ ಅವರಿಗೆ ವಾಯ್, ನಮ್ಮ ಬೇರು ಅವರಿಗೆ ವೇರ್. ಅದೇ ದಾರಿ. ಹಳೆಯ ಕಾವ್ಯದಲ್ಲಿ ಮುಖದ ವರ್ಣನೆಗೂ ಮೊಲೆಯ ವರ್ಣನೆಗೂ ಈ ಬಟ್ಟ ಬರುತ್ತದೆ. ಹಾಗಾಗಿ ತಟ್ಟೆಯ ಹಾಗೆ ಚಪ್ಪಟೆಯ ದುಂಡಿಗೂ ನಡೆಯುತ್ತದೆ, ಚೆಂಡಿನ ದುಂಡಿಗೂ ನಡೆಯುತ್ತದೆ. ನಾವು ಊಟ ಮಾಡುವ ಬಟ್ಟಲೂ ಇದೇ ಬಳಗದ್ದು ಅಂತ ಹೇಳುವವರಿದ್ದಾರೆ. ನನಗೂ ಹಾಗೇ ಅನಿಸುತ್ತದೆ.

ಒಂದು ಎಚ್ಚರಿಕೆ. ಉಡುವ ಬಟ್ಟೆ ಬೇರೆ. ಹಳಗನ್ನಡದಲ್ಲಿ ದಾರಿ ಅನ್ನುವ ಅರ್ಥದ ಬಟ್ಟೆ ಬೇರೆ. ‘ಬಟ್ಟಬಯಲು’ ಅಂತೂ ಪೂರ್ತಿ ಬೇರೆ. ಅದು ನಟ್ಟನಡು, ಕಟ್ಟಕಡೆ, ತುತ್ತತುದಿ ಸಾಲಿನದು. ಬಯಲಿನ ಮೊದಲ ಅಕ್ಷರವೇ ಎರಡು ಸಲ ಬಂದು ಒತ್ತಿ ಹೇಳುತ್ತದೆ, ಅಷ್ಟೇ. ಬಯಲು ದುಂಡಗಿದೆ ಅಂತ ಅಲ್ಲ.

ಗೋಕಾಕ ಕರದಂಟು:
ಮೇಷ್ಟ್ರೇ, ‘ವೃತ್ತ’ದಿಂದ ಬಂದ ಮಾತನ್ನು ‘ಕಂದ’ದಲ್ಲಿ ಕೂರಿಸಿ ಅಂತಿದ್ದಾರಲ್ಲ ಸಂಚಾಲಕರು, ಇದು ನ್ಯಾಯಾನಾ? ವೃತ್ತಛಂದಸ್ಸಿನ ಚಂಪಕಮಾಲೆಗೆ ದೂರು ಕೊಡುತ್ತೇನೆ.

ಜಮಖಂಡಿ ಅಕ್ಕ:
ಸಂಚಾಲಕರು ರೊಟ್ಟಿ ಅಂದಮೇಲೆ ಬಿಡುವುದಕ್ಕಾಗುತ್ತಾ? ತಗೊಳ್ಳಿ.

ಹಿಟ್ಟನು ನಾದುತಲತ್ತೆಯು
ತಟ್ಟಿದ ರೊಟ್ಟಿಯಿದು ನೋಡು ಹಂಚಿನ ಮೇಲೇ |
ಹೊಟ್ಟೆಯ ಕತ್ತಲೆ ಕಳೆಯಲು
ಬಟ್ಟನೆ ಮೂಡಿದನು ಚಂದ್ರನಮವಾಸ್ಯೆಯೊಳೇ ||

ಗೋಕಾಕ ಕರದಂಟು:
ಅಕ್ಕಾ, ಭಾರಿ ಆಯ್ತು! ಆದರೆ ಜಮಖಂಡಿ ಕಡೆ ರೊಟ್ಟಿ ಬಡೀತಾರೋ ತಟ್ತಾರೋ?

ಜಮಖಂಡಿ ಅಕ್ಕ:
ಮನೆಯಲ್ಲಿ ಬಡಿಯುತ್ತೇನೆ. ಪದ್ಯದಲ್ಲಿ ತಟ್ಟಿದ್ದೇನೆ. ಪ್ರಾಸ ಯಾರು ಕೊಡ್ತಾರೆ, ನೀವಾ?

ಸಂಚಾಲಕ:
ಅಕ್ಕನ ಪೂರಣದ ಬಗ್ಗೆ ಸ್ವಲ್ಪ ನಿಲ್ಲಬೇಕು. ಹಸಿವನ್ನು ಅಮಾವಾಸ್ಯೆ ಮಾಡಿದ್ದು ಎಲ್ಲರಿಗೂ ಕಾಣುತ್ತದೆ. ನನಗೆ ಹಿಡಿಸಿದ್ದು ಅದಕ್ಕಿಂತ ‘ಬಟ್ಟನೆ’. ಜೋಳದ ಹಿಟ್ಟಿಗೆ ಜಿಗುಟು ಇಲ್ಲ. ಬಿಸಿ ಎಸರು ಹಾಕಿ ನಾದಬೇಕು, ಅಂಗೈ ಆಡಿಸುತ್ತ ಅಂಚನ್ನು ತಿರುಗಿಸುತ್ತ ಹೋಗಬೇಕು. ಚೂರು ಗಮನ ತಪ್ಪಿದರೆ ಅಂಚು ಸೀಳುತ್ತದೆ, ನಕಾಶೆ ಆಗುತ್ತದೆ. ಅಲ್ಲಿ ದುಂಡು ತಾನಾಗಿ ಬರುವುದಿಲ್ಲ, ಕೈ ತರಬೇಕು. ಆಮೇಲೆ ಹಂಚಿನ ಮೇಲೆ ನೀರು ಸವರಿ, ತಿರುವಿ ಹಾಕಿದಾಗ ಉಬ್ಬಿ ಮೇಲೇಳುತ್ತದಲ್ಲ, ಅದೇ ‘ಮೂಡಿದನು’. ಕ್ರಿಯಾವಿಶೇಷಣ ಅಂದರೆ ಕ್ರಿಯೆಗೆ ಅಂಟಿರಬೇಕು. ‘ಬಟ್ಟನೆಯ ಚಂದ್ರ’ ಅಂದಿದ್ದರೆ ಅದು ಚಂದ್ರನ ಗುಣ. ‘ಬಟ್ಟನೆ ಮೂಡಿದನು’ ಅಂದಾಗ ಮೂಡಿದ ಬಗೆ. ಒಂದು ‘ಯ’ದ ವ್ಯತ್ಯಾಸ. ಅಕ್ಕ ಅದನ್ನು ಹಿಡಿದಿದ್ದಾರೆ.

ಗುಮ್ಮಟದ ನೆರಳು (ವಿಜಯಪುರ):
ನಮ್ಮೂರಿನದೂ ಒಂದಿರಲಿ.

ದಟ್ಟನೆ ಕತ್ತಲು ಕವಿಯಲು
ನಿಟ್ಟಿಸಿದೆನು ಗೋಳಗುಮ್ಮಟದ ಶಿಖರವನೇ |
ಪಟ್ಟಣದಾಗಸದೊಳಗದೊ
ಬಟ್ಟನೆ ಮೂಡಿದನು ಚಂದ್ರನಮವಾಸ್ಯೆಯೊಳೇ ||

ಕೋಟೆ ಕೆರೆ ಹುಡುಗ:
ಸರ್, ದಟ್ಟ ಕತ್ತಲಲ್ಲಿ ಗುಮ್ಮಟ ಕಂಡದ್ದು ಹೇಗೆ?

ಗುಮ್ಮಟದ ನೆರಳು:
ಊರಿನ ದೀಪಗಳಿಲ್ವಾ ಮಾರಾಯಾ! ಎಷ್ಟೇ ಕತ್ತಲಾದರೂ ಅಷ್ಟು ದೊಡ್ಡದು ಮರೆಯಾಗುವುದಿಲ್ಲ.

ಸಂಚಾಲಕ:
ಹುಡುಗನ ಪ್ರಶ್ನೆ ಸರಿಯಾಗಿಯೇ ಇದೆ. ದೀಪ ಪದ್ಯದೊಳಗೆ ಇಲ್ಲ. ಆದರೆ ಆಯ್ಕೆ ಚೆನ್ನಾಗಿದೆ, ಹೊಗಳದೆ ಇರಲಾರೆ. 1656ರಲ್ಲಿ ತೀರಿಕೊಂಡ ಮುಹಮ್ಮದ್ ಆದಿಲ್ ಶಾಹನ ಸಮಾಧಿ ಅದು. ಗುಮ್ಮಟದ ಹೊರ ಅಗಲ ಸುಮಾರು 44 ಮೀಟರ್. ಕೆಳಗಿನ ಕಟ್ಟಡ ಮಾತ್ರ ಶುದ್ಧ ಚೌಕ. ಒಳಗೆ ನಿಂತು ಕತ್ತೆತ್ತಿ ನೋಡಿ. ಕಮಾನುಗಳು ಒಂದನ್ನೊಂದು ಹಾದು ಹೋಗುತ್ತ ಚೌಕದ ಮೂಲೆಗಳನ್ನು ನುಂಗುತ್ತವೆ, ನಾಲ್ಕು ಮೂಲೆ ಎಂಟಾಗುತ್ತದೆ, ಅದರ ಮೇಲೆ ದುಂಡು ಕೂರುತ್ತದೆ. ಹೊರಗೆ ಬುಡದ ಸುತ್ತ ಕಮಲದ ಎಸಳುಗಳ ಸಾಲು. ಚೌಕದಿಂದ ಬಟ್ಟನೆ ಮೂಡುವುದು ಅಂದರೆ ಅದೇ. ಈ ಸಂಗತಿ ಪದ್ಯದ ಒಳಗೆ ಬಂದಿದ್ದರೆ ಇವತ್ತಿನ ಮಾತು ಅಲ್ಲಿಗೇ ಮುಗಿಯುತ್ತಿತ್ತು. ‘ಚೌಕದ’ಕ್ಕೆ ಪ್ರಾಸ ಸಿಗಲಿಲ್ಲ ಅನ್ನಬೇಡಿ. ‘ಕಟ್ಟಡ’ ಇದೆಯಲ್ಲ!

ಕೃಷ್ಣಾತೀರದ ರೈತ:
ನನಗೆ ಕಂದ ಗಿಂದ ಬರೋದಿಲ್ರೀ. ತ್ರಿಪದಿ ಹೇಳ್ತೀನಿ, ಬೇಕಾದ್ರೆ ಇಟ್ಕೊಳ್ಳಿ.

ಎಳ್ಳಮಾಸಿಯ ದಿವಸ ಹೊಲಕೆ ಬಂದಳು ಸೊಸೆಯು
ಬೆಳ್ಳನೆಯ ರೊಟ್ಟಿ ಬುಟ್ಟ್ಯಾಗ ಚಂದಿರನು
ಎಳ್ಳಷ್ಟು ಕುಂದು ಇರಲಿಲ್ಲ

ಜಮಖಂಡಿ ಅಕ್ಕ:
ಕಾಕಾ, ಎಳ್ಳಮಾಸಿಗೆ, ಅದೇ ಎಳ್ಳ ಅಮಾವಾಸ್ಯೆಗೆ, ಹೊಲಕ್ಕೆ ಎಡೆಯ ಚರಗ ಚೆಲ್ಲಲು ಹೋಗುವಾಗ ಸಜ್ಜಿ ರೊಟ್ಟಿ ಅಲ್ವಾ? ಅದೆಲ್ಲಿ ಬೆಳ್ಳಗಿರುತ್ತೆ?

ಕೃಷ್ಣಾತೀರದ ರೈತ:
ಬುಟ್ಟಿಯಲ್ಲಿ ಎರಡೂ ಇರ್ತಾವಲ್ಲಮ್ಮಾ. ಎಳ್ಳು ಹಚ್ಚಿದ್ದು ಸಜ್ಜಿದು. ಎಳ್ಳು ಹಚ್ಚಿದ ರೊಟ್ಟಿಗೆ ‘ಎಳ್ಳಷ್ಟು ಕುಂದಿಲ್ಲ’ ಅಂದ್ರೆ ಸುಳ್ಳಾಗ್ತದೆ ಅಂತ ಬೇಕಂತಲೇ ಬಿಳಿದು ತಗೊಂಡೆ.

ಸಂಚಾಲಕ:
ಕಾಕಾ, ನಿಮ್ಮದು ಸಮಸ್ಯೆಯ ಸಾಲು ಮುಟ್ಟಿಲ್ಲ, ಹಾಗಾಗಿ ಪಟ್ಟಿಗೆ ಸೇರುವುದಿಲ್ಲ. ಇಟ್ಟುಕೊಳ್ಳುವುದಂತೂ ಖಂಡಿತ. ಕಂದ ಬರುವುದಿಲ್ಲ ಅಂತ ಸಂಕೋಚ ಬೇಡ. ಸುಮಾರು ಕ್ರಿ.ಶ. 700ರ ಕಪ್ಪೆ ಅರಭಟ್ಟನ ಶಾಸನ ನಮ್ಮ ಬಾದಾಮಿಯ ಬಂಡೆಯ ಮೇಲೇ ಇದೆ. ಅದರಲ್ಲಿರುವುದು ತ್ರಿಪದಿ. (ಅರಭಟ್ಟನಿಗೂ ನಮ್ಮ ಬಟ್ಟನಿಗೂ ನಂಟಿಲ್ಲ. ಪ್ರಾಸ ಮಾತ್ರ.)

ಕೋಟೆ ಕೆರೆ ಹುಡುಗ:
ಸರ್, ಧೈರ್ಯ ಮಾಡಿದ್ದೇನೆ. ಬೈಯಬೇಡಿ.

ಕೋಟೆಯ ಮೇಲಿನ ದೀಪವು
ಬಿಟ್ಟಿತು ಬೆಳಕನ್ನು ಕೆರೆಯ ನೀರಿನ ಮೇಲೇ |
ಮುಟ್ಟಲು ಹೋಗದಿರಣ್ಣಾ
ಬಟ್ಟನೆ ಮೂಡಿದನು ಚಂದ್ರನಮವಾಸ್ಯೆಯೊಳೇ ||

ಮುಧೋಳ ಮೇಷ್ಟ್ರು:
ಶಭಾಷ್! ಮಾತ್ರೆ ಎಲ್ಲೂ ತಪ್ಪಿಲ್ಲ. ಎರಡನೇ ಸಾಲಿನ ನಡುವೆ ‘ನ್ನು ಕೆರೆಯ’ ಅಂತ ನಾಲ್ಕೂ ಲಘು ತಂದದ್ದು ಗೊತ್ತಿದ್ದೇ ತಂದೆಯೋ, ತಾನಾಗಿ ಬಂತೋ? ಎಡವಟ್ಟು ಒಂದೇ, ಮೊದಲ ಸಾಲು. ‘ಕೋಟೆ’ಯಲ್ಲಿ ದೀರ್ಘದ ಮುಂದೆ ಒಂಟಿ ಟ. ಅದು ಗಜಪ್ರಾಸ. ಉಳಿದ ಮೂರು ಸಾಲು ಹಯ. ಆನೆ ಕುದುರೆ ಒಂದೇ ಬಂಡಿಗೆ ಹೂಡಿದ್ದೀ. ‘ಕಟ್ಟೆಯ ಮೇಲಿನ ದೀಪವು’ ಅಂತ ಮಾಡು, ಕೆರೆಗೂ ಒಪ್ಪುತ್ತದೆ.

ಕೋಟೆ ಕೆರೆ ಹುಡುಗ:
ಮಾಡಿದೆ ಸರ್. ಕೋಟೆ ಹೋಯಿತಲ್ಲ ಅಂತ ಬೇಜಾರು. ನಾಲ್ಕು ಲಘು ತಾನಾಗಿ ಬಂತು.

ಸಂಚಾಲಕ:
‘ಮುಟ್ಟಲು ಹೋಗದಿರಣ್ಣಾ’ ಬಹಳ ಹಿಡಿಸಿತು. ಮುಟ್ಟಿದರೆ ನೀರು ಕಲಕುತ್ತದೆ, ಬಟ್ಟನೆ ಇದ್ದದ್ದು ಚೂರಾಗುತ್ತದೆ. ಆಕಾರ ಉಳಿಯಬೇಕು ಅನ್ನುವ ಕಾಳಜಿ ಪದ್ಯದೊಳಗೇ ಇದೆ.

ಬೆಳಗಾವಿಯ ಇನ್ನೊಬ್ಬರು ಖಾಸಗಿಯಾಗಿ ಕಳಿಸಿದ್ದನ್ನು ಹೆಸರಿಲ್ಲದೆ ಹಾಕುತ್ತಿದ್ದೇನೆ:

ತೊಟ್ಟಿಲ ಶಾಸ್ತ್ರದ ದಿನದೊಳು
ಇಟ್ಟರು ಚಂದ್ರನೆನುವೊಂದು ಹೆಸರನು ಸೊಗಸಿಂ |
ಹುಟ್ಟಿದ ತಿಥಿಯನು ಕೇಳಿರೆ
ಬಟ್ಟನೆ ಮೂಡಿದನು ಚಂದ್ರನಮವಾಸ್ಯೆಯೊಳೇ ||

ನಡಿಗೆ ನಯವಾಗಿದೆ. ಆದರೆ ಹೆಸರಿನ ಮೇಲೆ ಆಡುವುದು ಸಮಸ್ಯಾಪೂರಣದ ಹಳೇ ಉಪಾಯ. ಕೂತಲ್ಲೇ ಪದ್ಯ ಕಟ್ಟುವ ಅವಧಾನಗಳಲ್ಲಿ ಪೃಚ್ಛಕರು, ಅಂದರೆ ಪ್ರಶ್ನೆ ಒಡ್ಡುವವರು, ಇದನ್ನು ಕೇಳಿ ಕೇಳಿ ದಣಿದಿದ್ದಾರೆ. ಇಲ್ಲಿ ಬಟ್ಟನೆಗೂ ಕೆಲಸವಿಲ್ಲ. ಮಗು ತೆಳ್ಳಗಿದ್ದರೂ ಪದ್ಯ ನಿಲ್ಲುತ್ತದೆ.

ಗೋಕಾಕ ಕರದಂಟು:
ನನಗೆ ಪದ್ಯ ಬರಲಿಲ್ಲ, ಅರ್ಥ ಹೊಳೆಯಿತು. ನಮ್ಮ ಗಡಿಯಲ್ಲಿ ಮರಾಠಿ ಮಂದಿ ದುಂಡಗಿರುವುದಕ್ಕೆ ‘ವಾಟೋಳಾ’ ಅಂತಾರೆ. ಏನಾದರೂ ಪೂರ್ತಿ ಹಾಳಾದರೂ ‘ವಾಟೋಳಂ ಝಾಲಂ’ ಅಂತಾರೆ. ಅಮಾವಾಸ್ಯೆಗೆ ಚಂದ್ರನ ವಾಟೋಳಂ ಆಗಿರುತ್ತದೆ. ಹಾಗಾಗಿ ಬಟ್ಟನೆ. ಸಮಸ್ಯೆ ಮುಗೀತು!

ಮುಧೋಳ ಮೇಷ್ಟ್ರು:
ಇದಕ್ಕೆ ಬಹುಮಾನ ಕೊಡದಿದ್ದರೆ ನಾನು ಬಳಗ ಬಿಡುತ್ತೇನೆ.

ಇಂಡಿ ನಿಂಬೆ:
ನಾನು ವಿಜ್ಞಾನ ಪಾಠ ಮಾಡುವವಳು. ನಿಮ್ಮ ಸಾಲನ್ನು ಓದಿದ ಕೂಡಲೇ ಇದರಲ್ಲಿ ಸಮಸ್ಯೆ ಎಲ್ಲಿದೆ ಅನಿಸಿತು. ಸೂರ್ಯಗ್ರಹಣ ಆಗುವುದೇ ಅಮಾವಾಸ್ಯೆಗೆ ಅಲ್ವಾ?

ನೆಟ್ಟಗೆ ಸೂರ್ಯನ ಮುಂಗಡೆ
ಇಟ್ಟಿಹ ಕರಿಬಿಲ್ಲೆ ಕಂಡೆ ಹಾಡುಹಗಲೊಳೇ |
ಕೆಟ್ಟಿತು ಬಿಸಿಲಿನ ಸೊಕ್ಕದೊ
ಬಟ್ಟನೆ ಮೂಡಿದನು ಚಂದ್ರನಮವಾಸ್ಯೆಯೊಳೇ ||

ಗುಮ್ಮಟದ ನೆರಳು:
ಅಬ್ಬಾ! ಮೇಡಂ, ಗುಮ್ಮಟ ಕೆಳಗಿಳಿಸಿದೆ.

ಸಂಚಾಲಕ:
ನನಗೂ ಬೇರೆ ಮಾತಿಲ್ಲ. ಉಳಿದ ಎಲ್ಲ ಪೂರಣಗಳಲ್ಲಿ ಚಂದ್ರ ಅಂದರೆ ಚಂದ್ರ ಅಲ್ಲ, ರೊಟ್ಟಿ, ದೀಪ, ಕೂಸು. ಇಲ್ಲಿ ಚಂದ್ರ ಚಂದ್ರನೇ, ಅಮಾವಾಸ್ಯೆ ಅಮಾವಾಸ್ಯೆಯೇ. ‘ಮೂಡು’ ಅನ್ನುವುದಕ್ಕೆ ಹುಟ್ಟು ಅನ್ನುವ ಅರ್ಥದ ಜೊತೆಗೆ ಕಾಣಿಸಿಕೊಳ್ಳು ಅನ್ನುವ ಅರ್ಥವೂ ಇದೆ, ಹಾಗಾಗಿ ಕ್ರಿಯಾಪದಕ್ಕೂ ಅಡ್ಡಿಯಿಲ್ಲ. ಮುಖ್ಯ ಮಾತು ಬಟ್ಟನೆಯದು. ಹುಣ್ಣಿಮೆಯ ಚಂದ್ರನಲ್ಲಿ ನಾವು ನೋಡುವುದು ಬೆಳಕು, ಬಿಳುಪು, ಕಲೆ. ಗ್ರಹಣದ ಚಂದ್ರನಿಗೆ ಇದೊಂದೂ ಇಲ್ಲ. ಸೂರ್ಯನ ಎದುರಿಗೆ ಒಂದು ಕಪ್ಪು ಅಂಚು ಮಾತ್ರ. ಆಕಾರ ಬಿಟ್ಟರೆ ಹೇಳುವುದಕ್ಕೆ ಏನೂ ಉಳಿದಿಲ್ಲ. ಆ ಜಾಗಕ್ಕೆ ಬಟ್ಟನೆ ಬಿಟ್ಟು ಬೇರೆ ಯಾವ ಮಾತೂ ಕೂರುವುದಿಲ್ಲ. ‘ಬೆಳ್ಳನೆ’ ಕೂರುತ್ತದಾ? ‘ತಣ್ಣನೆ’ ಕೂರುತ್ತದಾ?

ಜಮಖಂಡಿ ಅಕ್ಕ:
ಒಪ್ಪಿದೆ. ಆದರೆ 2019ರ ಡಿಸೆಂಬರ್ 26ರ ಗ್ರಹಣ ನೆನಪಿದೆಯಾ? ಕಂಕಣ ಪೂರ್ತಿ ಕಂಡದ್ದು ಕಾಸರಗೋಡು, ಕೊಡಗಿನ ಕಡೆ. ನಮ್ಮಲ್ಲಿ ಸೂರ್ಯ ಕಚ್ಚಿಟ್ಟ ರೊಟ್ಟಿಯ ಹಾಗಿದ್ದ. ನಮ್ಮ ಭಾಗಕ್ಕೆ ಬಟ್ಟನೆ ಎಲ್ಲಿ ಬಂತು?

ಇಂಡಿ ನಿಂಬೆ:
ಅಕ್ಕಾ, ಆ ಕಚ್ಚಿದ ಅಂಚು ನೋಡಿದ್ರಾ? ಅದೂ ದುಂಡಗೇ ಇತ್ತು. ಅದೇ ಚಂದ್ರನ ಅಂಚು. ಅರ್ಧ ಕಂಡರೂ ಬಟ್ಟ ಬಟ್ಟವೇ.

ಕೃಷ್ಣಾತೀರದ ರೈತ:
ಆ ದಿನ ಎಳ್ಳಮಾಸಿನೇ ಇತ್ತಲ್ಲವ್ವಾ! ಮುಂಜಾನೆ ಗ್ರಹಣ ಬಿಡೋವರೆಗೂ ನಾವು ಬುಟ್ಟಿ ಎತ್ತಿರಲಿಲ್ಲ. ಆಮೇಲೆ ಸ್ನಾನ ಮಾಡಿ, ಅಡಿಗೆ ಮಾಡಿ, ಹೊಲಕ್ಕೆ ಹೋಗೋದ್ರಾಗ ಹೊತ್ತು ಭಾಳ ಆಗಿತ್ತು.

ಗೋಕಾಕ ಕರದಂಟು:
ಹಂಗಾದ್ರೆ ಮೇಡಂ ಪದ್ಯದ ಚಂದ್ರನೂ ಅಕ್ಕನ ಪದ್ಯದ ಚಂದ್ರನೂ ಒಂದೇ ದಿನ ಮೂಡಿದ್ದಾರೆ. ಒಬ್ಬ ಮೇಲೆ, ಒಬ್ಬ ಹಂಚಿನ ಮೇಲೆ.

ಸಂಚಾಲಕ:
ಈ ವಾರದ ಮೊದಲ ಸ್ಥಾನ ಇಂಡಿ ನಿಂಬೆಯವರಿಗೆ. ಎರಡನೆಯದು ಅಕ್ಕನಿಗೆ, ಅದೂ ಕೂದಲೆಳೆಯ ಅಂತರದಲ್ಲಿ. ಹುಡುಗನಿಗೆ ಮೆಚ್ಚುಗೆ. ಕರದಂಟಿಗೆ ಬಹುಮಾನ ಇಲ್ಲ, ಮೇಷ್ಟ್ರು ಬೇಕಾದರೆ ಬಳಗ ಬಿಡಲಿ.

ಮುಂದಿನ ವಾರಕ್ಕೂ ಆಕಾರದ ಮಾತೇ, ಪ್ರಾಸವೂ ಅದೇ. ಈ ಸಲ ಒಂದೇ ಸಾಲಿನಲ್ಲಿ ಎರಡು ಕ್ರಿಯಾವಿಶೇಷಣ, ಎರಡಕ್ಕೂ ಜಗಳ:

‘ಸೊಟ್ಟಗೆ ನಡೆದವನು ನೆಟ್ಟಗೂರನು ಸೇರ್ದಂ’

ಕುಡುಕನನ್ನು ತರಬೇಡಿ. ಅದು ಎಲ್ಲರಿಗೂ ಮೊದಲು ಹೊಳೆಯುತ್ತದೆ.

ಗೋಕಾಕ ಕರದಂಟು:
ಛೇ, ಬರೆದಿಟ್ಟಿದ್ದೆ.