ಟೀಮ್ ಸೋತ್ರೆ ನಂಗ್ಯಾಕೆ ಇಷ್ಟು ಸಂಕಟ?

ಕೊನೇಓವರ್:
ನಿನ್ನೆ ನನ್ ಟೀಮ್ ಕೊನೇ ಬಾಲಲ್ಲಿ ಸೋತ್ಹೋಯ್ತು. ರಾತ್ರಿ ಎರಡಾದ್ರೂ ನಿದ್ದೆ ಇಲ್ಲ, ಬೆಳಿಗ್ಗೆ ಎದ್ದು ಮತ್ತೆ ಅದೇ ಹೈಲೈಟ್ಸ್ ಹಾಕ್ಕೊಂಡು ಗಾಯ ಕೆರ್ಕೊಂಡು ಕೂತೆ. ಆಡೋರಿಗೆ ನಾನ್ಯಾರು ಅಂತಾನೇ ಗೊತ್ತಿಲ್ಲ, ಗೆದ್ರೆ ನಂಗೇನೂ ದುಡ್ಡು ಬರಲ್ಲ. ಗೆದ್ದ ಖುಷಿ ಒಂದು ಗಂಟೆ ಇದ್ರೆ ಹೆಚ್ಚು, ಸೋಲು ಮಾತ್ರ ಮೂರು ದಿನ. ಬಿಟ್ಬಿಡೋಣ ಅಂದ್ರೆ ಅದೂ ಆಗಲ್ಲ. ಯಾರಿಗಾದ್ರೂ ಹಿಂಗಾಗುತ್ತಾ?

ಗ್ಯಾಲರಿಮೂಲೆ:
ನೀವೊಬ್ರೇ ಅಲ್ಲ ಬಿಡಿ. ಜನ ಗೆದ್ರೆ "ನಾವು ಗೆದ್ವಿ" ಅಂತಾರೆ, ಸೋತ್ರೆ "ಅವ್ರು ಸೋತ್ರು". ಅಮೆರಿಕದ ಸೈಕಾಲಜಿಸ್ಟ್ ರಾಬರ್ಟ್ ಚಾಲ್ಡೀನಿ ಮತ್ತೆ ಜೊತೆಯವ್ರು 1976ರಲ್ಲಿ ಇದನ್ನೇ ಬರ್ದಿದ್ದು, ಏಳು ಯೂನಿವರ್ಸಿಟಿಗಳಲ್ಲಿ ನೋಡಿದ್ರೆ ವೀಕೆಂಡಲ್ಲಿ ಅಮೆರಿಕನ್ ಫುಟ್‌ಬಾಲ್ ಟೀಮ್ ಗೆದ್ದಿದ್ರೆ ಸೋಮವಾರ ಯೂನಿವರ್ಸಿಟಿ ಹೆಸರಿರೋ ಬಟ್ಟೆ ಹಾಕ್ಕೊಂಡು ಬರೋ ಹುಡುಗ್ರು ಜಾಸ್ತಿ ಇರ್ತಿದ್ರಂತೆ. ಆದ್ರೆ ಟೀಮ್ ಅನ್ನೋದು ತಮ್ಮ ಗುರುತೇ ಆಗ್ಹೋದವ್ರಿಗೆ ಸೋತಾಗ ಹಂಗೆ ಜಾರ್ಕೊಳೋಕಾಗಲ್ಲ, ನೀವು ಅಲ್ಲೇ ಸಿಕ್ಕಾಕ್ಕೊಂಡಿರೋದು. 1992ರ ಇನ್ನೊಂದು ಪ್ರಯೋಗದಲ್ಲಿ ಟೀಮ್ ಸೋತಿದ್ದು ನೋಡಿದ ಕಟ್ಟಾ ಅಭಿಮಾನಿಗಳು ತಮ್ಮ ಕೈಲಿ ಏನಾಗುತ್ತೆ ಅನ್ನೋದನ್ನೇ ಕಮ್ಮಿ ಅಂದಾಜು ಮಾಡಿದ್ರು! ಸೋತಿದ್ದು ಯಾರೋ, ಕುಗ್ಗಿದ್ದು ಇವ್ರು.

ಸುಮ್ನಿರಪ್ಪ:
ಇದೆಲ್ಲ ಓವರ್ ಆಯ್ತು ಗುರೂ, ಟಿವಿ ಆಫ್ ಮಾಡಿ ಒಂದ್ ರೌಂಡ್ ವಾಕ್ ಹೋಗಿ.

ನಾಡಿಮಿಡಿತ:
@ಸುಮ್ನಿರಪ್ಪ ಅಷ್ಟು ಸುಲಭ ಇಲ್ಲ. 2006ರ ಫುಟ್‌ಬಾಲ್ ವರ್ಲ್ಡ್‌ಕಪ್ ಟೈಮಲ್ಲಿ ಜರ್ಮನಿ ಆಡೋ ದಿನಗಳಲ್ಲಿ ಮ್ಯೂನಿಕ್ ಕಡೆ ಹಾರ್ಟ್ ಎಮರ್ಜೆನ್ಸಿ ಕೇಸು ಎರಡು ಪಟ್ಟಿಗಿಂತ ಜಾಸ್ತಿ ಆಗಿತ್ತು. ಮನೇಲಿ ಹಾರ್ಟ್ ಪ್ರಾಬ್ಲಂ ಇರೋರು ಮ್ಯಾಚ್ ನೋಡ್ತಾ ಇದ್ರೆ ಪಕ್ಕದಲ್ಲಿರಿ, ಮಾತ್ರೆ ಮರೀದಂಗೆ ನೋಡ್ಕೊಳಿ.

ಹಳೇಜರ್ಸಿ:
ಬಿಡೋಕಾಗಲ್ಲ ಅಂದ್ರಲ್ಲ, ನಂಗನ್ಸೋದು ನೀವು ಹಿಡ್ಕೊಂಡಿರೋದು ಟೀಮನ್ನಲ್ಲ, ಜೊತೆಲಿ ನೋಡೋರನ್ನ. ಡೇನಿಯಲ್ ವಾನ್ ಅಂತ ವರ್ಷಗಟ್ಲೆ ಅಭಿಮಾನಿಗಳನ್ನೇ ಸ್ಟಡಿ ಮಾಡಿರೋರು, ಅವ್ರು ಹೇಳೋದೂ ಹೆಚ್ಚುಕಮ್ಮಿ ಇದೇ, ತಮ್ಮೂರ ಟೀಮ್ ಜೊತೆ ನಂಟಿರೋರಿಗೆ ಒಂಟಿತನ ಕಮ್ಮಿ ಅಂತ. ಹನ್ನೊಂದೂ ಜನ ಬದಲಾದ್ರೂ ನಾವು ಅದೇ ಬಣ್ಣಕ್ಕೆ ಕೂಗ್ತೀವಲ್ವಾ?

ಕೊನೇಓವರ್:
@ಹಳೇಜರ್ಸಿ ಸರಿಯಾಗಿ ಹಿಡಿದ್ರಿ. ನಿನ್ನೆ ಮ್ಯಾಚ್ ಮುಗೀತಿದ್ದಂಗೆ ಅಣ್ಣನ ಫೋನು, ಅರ್ಧ ಗಂಟೆ ಇಬ್ರೂ ಸೇರಿ ಕ್ಯಾಪ್ಟನ್‌ನ ಬೈದ್ವಿ. ಬೇರೆ ಟೈಮಲ್ಲಿ ನಾವಿಬ್ರು ಅಷ್ಟೊತ್ತು ಮಾತಾಡಿದ್ದೇ ನೆನಪಿಲ್ಲ. ಸಂಕಟ ಹಂಗೇ ಇದೆ ಮತ್ತೆ, ಶುಕ್ರವಾರ ಇನ್ನೊಂದು ಮ್ಯಾಚಿದೆ.