ಕರೆಂಟ್ ಕೊಡುವ ಬಾಯ್ಲರ್: ಇಟ್ಟುಕೊಳ್ಳೋಣವಾ, ತೆಗೆಸೋಣವಾ?

ಪ್ರಶ್ನೆ: ನಮಸ್ಕಾರ ಸರ್. ಇಂಗ್ಲೆಂಡಿನ ರೆಡಿಂಗ್‌ನಲ್ಲಿ ಮನೆ ಕೊಂಡಿದ್ದೇವೆ. ಅಡುಗೆಮನೆಯ ಗ್ಯಾಸ್ ಬಾಯ್ಲರ್ ಮನೆ ಬೆಚ್ಚಗಿಡುವ ಜೊತೆಗೆ ಕರೆಂಟನ್ನೂ ಮಾಡುತ್ತದಂತೆ. 2012ರಲ್ಲಿ ಹಾಕಿಸಿದ್ದು. "ಯೂನಿಟ್ ಲೆಕ್ಕದಲ್ಲಿ ದುಡ್ಡು ಬರುತ್ತೆ" ಅಂದರು ಹಳೇ ಮಾಲೀಕರು. ನಿಜವಾ?

ಉತ್ತರ (ಹೀಟಿಂಗ್ ಎಂಜಿನಿಯರ್): ಬರುತ್ತಿತ್ತು ಮೇಡಂ. 2010ರ ಏಪ್ರಿಲ್‌ನಲ್ಲಿ ಬ್ರಿಟನ್ನಿನಲ್ಲಿ ಫೀಡ್-ಇನ್ ಟ್ಯಾರಿಫ್, ಅಂದರೆ ಮನೆಯಲ್ಲೇ ಕರೆಂಟ್ ಮಾಡುವವರಿಗೆ ದುಡ್ಡು ಕೊಡುವ ಯೋಜನೆ, ಶುರುವಾಯಿತು. ಇಂಥ ಬಾಯ್ಲರ್ ತಯಾರಿಸಿದ ಯೂನಿಟ್ಟಿಗೆ, ನೀವೇ ಬಳಸಿಕೊಂಡರೂ, ಆರಂಭದ ದರ 10 ಪೆನ್ಸ್. ಆದರೆ ಬಾಯ್ಲರಿಗೆ ಅದು ಸಿಗುತ್ತಿದ್ದದ್ದು 10 ವರ್ಷ ಮಾತ್ರ. 2012ರದ್ದು ಅಂದಮೇಲೆ ಆ ಲೆಕ್ಕ ಮುಗಿದಿದೆ. ಅದನ್ನು ನಂಬಿ ಮನೆಗೆ ಜಾಸ್ತಿ ಕೊಟ್ಟಿಲ್ಲ ತಾನೇ?

ಒಳಗಿರುವುದು ಬಹುಶಃ ಸ್ಟರ್ಲಿಂಗ್ ಎಂಜಿನ್. ರಾಬರ್ಟ್ ಸ್ಟರ್ಲಿಂಗ್ ಎಂಬ ಸ್ಕಾಟ್ಲೆಂಡಿನ ಪಾದ್ರಿ 1816ರಲ್ಲೇ ಪೇಟೆಂಟ್ ಮಾಡಿಸಿದ ಯಂತ್ರ! ಒಂದು ತುದಿಯನ್ನು ಗ್ಯಾಸ್ ಉರಿ ಕಾಯಿಸುತ್ತದೆ, ಇನ್ನೊಂದನ್ನು ರೇಡಿಯೇಟರಿನಿಂದ ವಾಪಸ್ ಬಂದ ನೀರು ತಣ್ಣಗಾಗಿಸುತ್ತದೆ. ಒಳಗೆ ಮುಚ್ಚಿಟ್ಟ ಅನಿಲ ಹಿಗ್ಗಿ ಕುಗ್ಗಿ ಪಿಸ್ಟನ್ ಆಡುತ್ತದೆ, ಸುಮಾರು 1 ಕಿಲೋವ್ಯಾಟ್ ಕರೆಂಟ್ ಹುಟ್ಟುತ್ತದೆ. ನೀರು ಹೊತ್ತೊಯ್ದ ಬಿಸಿ ಮನೆಗೇ ಹೋಗುತ್ತದೆ. ಫ್ರಿಜ್, ಟಿವಿ, ಲೈಟಿಗೆ ಸಾಕು. ಕೆಟಲ್ ಹಾಕಿದರೆ 3 ಕಿಲೋವ್ಯಾಟ್ ಬೇಕು, ಉಳಿದದ್ದು ಗ್ರಿಡ್‌ನಿಂದ. ಮುಖ್ಯ ಸಂಗತಿ: ಬಿಸಿ ಬೇಕಾದಾಗ ಮಾತ್ರ ಕರೆಂಟ್. ಜುಲೈನಲ್ಲಿ ಹೆಚ್ಚುಕಡಿಮೆ ಸುಮ್ನೆ ಕೂತಿರುತ್ತದೆ.

ಪ್ರಶ್ನೆ: ಕರೆಂಟ್ ಹೋದರೂ ನಮ್ಮ ಮನೆಯಲ್ಲಿ ದೀಪ ಇರುತ್ತಾ?

ಉತ್ತರ: ಅದಕ್ಕೆಂದೇ ಬೇರೆ ವ್ಯವಸ್ಥೆ ಮಾಡಿಸದಿದ್ದರೆ ಇಲ್ಲ. ಗ್ರಿಡ್ ಹೋದರೆ ಇದೂ ನಿಲ್ಲಬೇಕು. ಇಲ್ಲದಿದ್ದರೆ ನಿಮ್ಮ ಕರೆಂಟ್ ಹೊರಗಿನ ತಂತಿಗೆ ಹರಿದು, ಅಲ್ಲಿ ರಿಪೇರಿ ಮಾಡುವ ಲೈನ್‌ಮನ್ ಜೀವಕ್ಕೇ ಅಪಾಯ.

ಇನ್ನೊಬ್ಬ ಸದಸ್ಯರು: ಕರೆಂಟ್ ಮಾರುವ ಕಂಪನಿಗಳೇ ಇದನ್ನು ಮಾರಲು ಹೊರಟಿದ್ದವಂತೆ. ತಮ್ಮ ವ್ಯಾಪಾರಕ್ಕೇ ಕಲ್ಲು ಹಾಕಿಕೊಂಡಂತೆ ಅಲ್ವಾ?

ಉತ್ತರ: ಒಳ್ಳೇ ಪ್ರಶ್ನೆ. ಅವರು ಗ್ಯಾಸನ್ನೂ ಮಾರುತ್ತಾರಲ್ಲ! ಕರೆಂಟ್ ಕಡಿಮೆ ಹೋದರೂ ಗ್ಯಾಸ್ ಸ್ವಲ್ಪ ಜಾಸ್ತಿ ಹೋಗುತ್ತದೆ. ಚಳಿಗಾಲದ ಸಂಜೆ ಅವರಿಗೂ ಕರೆಂಟ್ ದುಬಾರಿ. ಈ ಬಾಯ್ಲರ್ ಓಡುವುದೂ ಅದೇ ಹೊತ್ತಿನಲ್ಲಿ. ಜೊತೆಗೆ ಗಿರಾಕಿ ಬೇರೆ ಕಂಪನಿಗೆ ಹಾರುವುದಿಲ್ಲ. 2004ರಲ್ಲಿ ಬ್ರಿಟನ್ನಿನ ಪವರ್‌ಜೆನ್ ಕಂಪನಿ ಇಂಥದ್ದೇ ಆದ ನ್ಯೂಜಿಲೆಂಡಿನ ವಿಸ್ಪರ್‌ಜೆನ್ ಯಂತ್ರ 80,000 ಬೇಕೆಂದು ಆರ್ಡರ್ ಕೊಟ್ಟಿತ್ತು. ಮನೆಗಳಿಗೆ ಬಂದದ್ದು ಅದರಲ್ಲಿ ತೀರಾ ಸ್ವಲ್ಪ. ಗೆದ್ದದ್ದು ಜಪಾನ್. ಅಲ್ಲಿ ಟೋಕಿಯೋ ಗ್ಯಾಸ್, ಒಸಾಕಾ ಗ್ಯಾಸ್ ಕಂಪನಿಗಳು 2009ರಿಂದ ಎನೆ-ಫಾರ್ಮ್ ಎಂಬ, ಬಿಸಿ ಮತ್ತು ಕರೆಂಟ್ ಎರಡನ್ನೂ ಕೊಡುವ ಯಂತ್ರ ಮಾರುತ್ತಿವೆ. ಅದರಲ್ಲಿರುವುದು ಎಂಜಿನ್ ಅಲ್ಲ, ಉರಿಸದೆ ರಾಸಾಯನಿಕ ಕ್ರಿಯೆಯಿಂದಲೇ ಕರೆಂಟ್ ಮಾಡುವ ಫ್ಯೂಯೆಲ್ ಸೆಲ್. ಅಷ್ಟೇ ಗ್ಯಾಸಿಗೆ ಎರಡು ಪಟ್ಟಿಗಿಂತ ಜಾಸ್ತಿ ಕರೆಂಟ್. ದಿನಾ ಟಬ್ಬಿನಲ್ಲಿ ಬಿಸಿನೀರು ತುಂಬಿಸಿ ಕೂರುವ ಜನ, ಬಿಸಿಯೂ ವ್ಯರ್ಥವಾಗುವುದಿಲ್ಲ.

ಬೆಂಗಳೂರಿನಿಂದ: ನಮಗೂ ಪೈಪ್ ಗ್ಯಾಸ್ ಬಂದಿದೆ. ಹಾಕಿಸಬಹುದಾ?

ಉತ್ತರ: ಬೇಡಿ ಸರ್. ಬೆಳಗಿನ ಸ್ನಾನ ಮುಗಿದರೆ ನಿಮಗೆ ಬಿಸಿಯೇ ಬೇಡ. ಚಾವಣಿಗೆ ಸೋಲಾರ್ ಹಾಕಿಸಿ.

ಮೇಡಂ, ನಿಮ್ಮದು ಓಡುವಷ್ಟು ದಿನ ಓಡಲಿ. ಗ್ಯಾಸ್ ಸೇಫ್ (ಬ್ರಿಟನ್ನಿನ ಗ್ಯಾಸ್ ಕೆಲಸಗಾರರ ಅಧಿಕೃತ ಪಟ್ಟಿ) ನೋಂದಣಿ ಇರುವವರಿಂದ ವರ್ಷಕ್ಕೊಮ್ಮೆ ಸರ್ವಿಸ್ ಮಾಡಿಸಿ. ಕರೆಯುವಾಗಲೇ ಮಾಡೆಲ್ ಹೆಸರು ಹೇಳಿ, ಈ ಎಂಜಿನ್ ಗೊತ್ತಾ ಅಂತ ಕೇಳಿ. ಎಂಜಿನ್ನೇ ಕೆಟ್ಟರೆ ರಿಪೇರಿಗೆ ದುಡ್ಡು ಸುರಿಯಬೇಡಿ. ಇಂಗ್ಲೆಂಡಿನಲ್ಲಿ ಹೀಟ್ ಪಂಪಿಗೆ (ಹೊರಗಿನ ಬಿಸಿಯನ್ನು ಕರೆಂಟಿನಿಂದ ಒಳಗೆಳೆದು ಮನೆ ಬೆಚ್ಚಗಿಡುವ ಯಂತ್ರ) 7,500 ಪೌಂಡ್ ಸಹಾಯಧನ ಇದೆ, ಮೊದಲು ಅದನ್ನು ವಿಚಾರಿಸಿ.