ನಕ್ಷತ್ರಗಳ ‘ಸ್ಪೆಕ್ಟ್ರಲ್ ಕ್ಲಾಸ್’: ಫಲಕಕ್ಕೆ ತುರ್ತಾಗಿ ಪದ ಬೇಕಾಗಿದೆ

ಬಲ್ಲವರಲ್ಲಿ ವಿನಂತಿ.

ಕಾರವಾರದ ಕಡಲತೀರದಲ್ಲಿ ಈ ಶನಿವಾರ ಸಂಜೆ ಶಾಲಾ ಮಕ್ಕಳಿಗಾಗಿ ಆಕಾಶವೀಕ್ಷಣೆ ಇಟ್ಟುಕೊಂಡಿದ್ದೇವೆ. ಲುಬ್ಧಕ ‘ಎ’, ರೋಹಿಣಿ ‘ಕೆ’, ಆರ್ದ್ರಾ ‘ಎಂ’ ಎಂದು ತೋರಿಸುವ ಫಲಕದ ತಲೆಬರಹಕ್ಕೆ ‘ಸ್ಪೆಕ್ಟ್ರಲ್ ಕ್ಲಾಸ್’ (ನಕ್ಷತ್ರದ ಬೆಳಕನ್ನು ಬಿಡಿಸಿ ನೋಡಿ ಮಾಡಿದ ವರ್ಗ) ಎಂಬುದರ ಕನ್ನಡ ರೂಪ ಬೇಕು. ಸ್ಪೆಕ್ಟ್ರಮ್‌ಗೆ, ಅಂದರೆ ಬೆಳಕು ಬಣ್ಣಬಣ್ಣವಾಗಿ ಹರಡಿದ ಪಟ್ಟೆಗೆ, ಪುಸ್ತಕಗಳಲ್ಲಿ ‘ರೋಹಿತ’ವೂ ಇದೆ, ‘ವರ್ಣಪಟಲ’ವೂ ಇದೆ. ‘ವರ್ಣವರ್ಗ’ ಎಂದು ಬರೆಸಿದರೆ ನಡೆದೀತೇ? ಫಲಕ ಬರೆಯುವವರು ನಾಳೆ ಬೆಳಿಗ್ಗೆಯೇ ಕೇಳುತ್ತಾರೆ.

ಉತ್ತರ, ಕುಮಟಾದಿಂದ

‘ವರ್ಣವರ್ಗ’ ಬೇಡವೇ ಬೇಡ. ಅದನ್ನು ಓದಿದವರಿಗೆ ನಕ್ಷತ್ರಕ್ಕಿಂತ ಮೊದಲು ಜಾತಿಯ ನೆನಪಾಗುತ್ತದೆ. ‘ರೋಹಿತ’ವಂತೂ ಪರೀಕ್ಷೆ ಮುಗಿದೊಡನೆ ಮರೆತುಹೋಗುವ ಪದ. ನಕ್ಷತ್ರಕ್ಕೆ ‘ಅರಿಲ್’ ಎಂಬ ಹಳಗನ್ನಡದ ಪದವೂ ‘ಚುಕ್ಕಿ’ ಎಂಬ ಇಂದಿನ ಪದವೂ ಇರುವಾಗ ಎಲ್ಲದಕ್ಕೂ ಸಂಸ್ಕೃತದ ಬಾಗಿಲು ಬಡಿಯುವ ಚಾಳಿ ಏಕೆಂದು ತಿಳಿಯದು. ‘ಚುಕ್ಕಿಗಳ ಬಣ್ಣಗುಂಪು’ ಎಂದು ಬರೆಸಿ. ಅಕ್ಷರಗಳನ್ನೂ ಅ, ಆ, ಇ ಎಂದು ಮಾಡಿಕೊಳ್ಳಿ.

ಉತ್ತರ, ಶಿರಸಿಯಿಂದ

‘ಬಣ್ಣಗುಂಪು’ ತಪ್ಪು. ಅದು ದೇಶ್ಯವೋ ಅಲ್ಲವೋ ಎಂಬುದು ಇಲ್ಲಿ ಪ್ರಶ್ನೆಯೇ ಅಲ್ಲ.

ಈ ವಿಂಗಡಣೆ ನಡೆದದ್ದು ಬಣ್ಣದ ಮೇಲಲ್ಲ, ಬೆಳಕಿನ ಪಟ್ಟೆಯಲ್ಲಿರುವ ಕಪ್ಪು ಗೆರೆಗಳ ಮೇಲೆ. ರಟ್ಟಿನ ಡಬ್ಬಿಗೆ ಕೂದಲೆಳೆಯಷ್ಟು ಕಿರಿದಾದ ಸೀಳು ಕೊರೆದು, ಒಳಗೆ ಹಳೆಯ ಸಿಡಿಯ ತುಂಡನ್ನು ಓರೆಯಾಗಿ ಅಂಟಿಸಿ, ಹಗಲಿನ ಬಿಳಿ ಮೋಡದತ್ತ ಹಿಡಿದು ನೋಡಿ (ಸೂರ್ಯನತ್ತ ಮಾತ್ರ ಎಂದಿಗೂ ಹಿಡಿಯಬಾರದು). ಏಳು ಬಣ್ಣಗಳ ನಡುವೆ ಅಲ್ಲಲ್ಲಿ ಸಣ್ಣ ಕಪ್ಪು ಗೆರೆಗಳು ಕಾಣುತ್ತವೆ. ಹಳದಿಯಲ್ಲಿರುವುದು ಸೋಡಿಯಂನದು, ನೀಲಿ ಹಸಿರು ಸೇರುವಲ್ಲಿರುವುದು ಹೈಡ್ರೋಜನ್ನಿನದು. 1814ರಲ್ಲಿ ಜರ್ಮನಿಯ ಭೌತವಿಜ್ಞಾನಿ ಫ್ರೌನ್‌ಹೋಫರ್ ಸೂರ್ಯನ ಬೆಳಕಿನಲ್ಲಿ ನೋಡಿ ಗುರುತುಹಾಕಿದ್ದು ಇವೇ ಗೆರೆಗಳನ್ನು.

ಬಿಸಿ ಹೆಚ್ಚಿದಂತೆ ಬಣ್ಣ ನೀಲಿಯತ್ತ ಸರಿಯುವುದು ನಿಜವಾದರೂ ವರ್ಗವನ್ನು ನಿರ್ಧರಿಸುವುದು ಬಣ್ಣವಲ್ಲ. ಉರಗಧರ ಪುಂಜದ ಝೀಟಾ ಎಂಬ ನಕ್ಷತ್ರ ‘ಓ’ ವರ್ಗದ್ದು, ಅತ್ಯಂತ ಬಿಸಿಯಾದುದು. ನಡುವಿನ ಧೂಳು ನೀಲಿಯನ್ನು ನುಂಗಿರುವುದರಿಂದ ಅದರ ಬಣ್ಣ ನೋಡಿದವರು ಮೋಸಹೋಗುತ್ತಾರೆ, ಗೆರೆ ನೋಡಿದವರು ಹೋಗುವುದಿಲ್ಲ. ಅದನ್ನು ಯಾವ ಬಣ್ಣಗುಂಪಿಗೆ ಸೇರಿಸುತ್ತೀರಿ?

ಇನ್ನು ‘ರೋಹಿತ’. ಅಮರಕೋಶದ ಪ್ರಕಾರ ಇಂದ್ರಧನುಸ್ಸು ಬಾಗದೆ ನೇರವಾಗಿ ಕಂಡರೆ ಅದರ ಹೆಸರು ರೋಹಿತ. ನೇರಗೊಳಿಸಿದ ಕಾಮನಬಿಲ್ಲು! ಪಟ್ಟಕದಿಂದ (ಪ್ರಿಸಂನಿಂದ) ಹೊರಬಿದ್ದ ಪಟ್ಟೆಗೆ ಇದಕ್ಕಿಂತ ಒಪ್ಪುವ ಪದವನ್ನು ಯಾವ ಭಾಷೆಯೂ ಕೊಡಲಾರದೆಂಬುದು ನನ್ನ ದೃಢವಾದ ನಂಬಿಕೆ. ಕೆಂಪು ಎಂಬ ಅರ್ಥವೂ ಅದಕ್ಕಿದ್ದು, ನಿಮ್ಮ ಫಲಕದಲ್ಲೇ ಇರುವ ಕೆಂಬಣ್ಣದ ರೋಹಿಣಿ ಅದರ ಹತ್ತಿರದ ನಂಟು.

ಅಕ್ಷರಗಳನ್ನು ಅ, ಆ, ಇ ಮಾಡಬೇಡಿ. ಅಮೆರಿಕದ ಹಾರ್ವರ್ಡ್ ವೀಕ್ಷಣಾಲಯದಲ್ಲಿ ವಿಲಿಯಮಿನಾ ಫ್ಲೆಮಿಂಗ್ ಮೊದಲು ಹೈಡ್ರೋಜನ್ ಗೆರೆಗಳು ದಟ್ಟವಾಗಿದ್ದವಕ್ಕೆ ‘ಎ’ ಎಂದು ಕರೆದು, ಬಿ, ಸಿ ಎಂದು ಮುಂದಕ್ಕೆ ಸಾಗಿದರು. 1901ರಲ್ಲಿ ಆ್ಯನಿ ಜಂಪ್ ಕ್ಯಾನನ್ ಹಲವು ಅಕ್ಷರಗಳನ್ನು ಕೈಬಿಟ್ಟು, ಉಳಿದವನ್ನು ಓ, ಬಿ, ಎ, ಎಫ್, ಜಿ, ಕೆ, ಎಂ ಎಂದು ಹೊಸದಾಗಿ ಜೋಡಿಸಿದರು. ಈ ಸಾಲು ಉಷ್ಣತೆಯ ಇಳಿಕೆಯ ಸಾಲೇ ಏಕಾಯಿತೆಂಬುದಕ್ಕೆ 1920ರಲ್ಲಿ ಕಾರಣ ಕೊಟ್ಟವರು ನಮ್ಮ ಭೌತವಿಜ್ಞಾನಿ ಮೇಘನಾದ ಸಾಹಾ. ಸುಮಾರು 10,000 ಕೆಲ್ವಿನ್‌ನಷ್ಟು ಬಿಸಿಯಿರುವ ಲುಬ್ಧಕದಲ್ಲಿ ಹೈಡ್ರೋಜನ್ ಗೆರೆಗಳು ಎದ್ದುಕಾಣುತ್ತವೆ. ಅದಕ್ಕಿಂತ ಬಹಳ ಬಿಸಿಯಾದಲ್ಲಿ ಪರಮಾಣು ತನ್ನ ಎಲೆಕ್ಟ್ರಾನನ್ನೇ ಕಳೆದುಕೊಳ್ಳುವುದರಿಂದಲೂ, 5,772 ಕೆಲ್ವಿನ್‌ನ ನಮ್ಮ ಸೂರ್ಯನಂಥ ‘ಜಿ’ ವರ್ಗದಲ್ಲಿ ಎಲೆಕ್ಟ್ರಾನ್ ಆ ಗೆರೆಗಳು ಮೂಡಲು ಬೇಕಾದ ಶಕ್ತಿಮಟ್ಟಕ್ಕೆ ಏರುವುದು ಅಪರೂಪವಾದುದರಿಂದಲೂ ಅವು ಮಂಕಾಗುತ್ತವೆ. ಹೈಡ್ರೋಜನ್ ಕಡಿಮೆಯಿದೆ ಎಂದಲ್ಲ. ಅಕ್ಷರಗಳ ಆ ಅಡ್ಡಾದಿಡ್ಡಿ ಸಾಲಿನಲ್ಲಿ ಇಷ್ಟೆಲ್ಲ ಚರಿತ್ರೆಯಿದೆ, ಅದನ್ನು ಅಳಿಸಬಾರದು.

ಮರು ಉತ್ತರ, ಕುಮಟಾದಿಂದ

ಬಣ್ಣದ ಮಾತನ್ನು ಹಿಂದಕ್ಕೆ ಪಡೆದಿದ್ದೇನೆ. ಕೋಶ ತೆರೆದು ನೋಡಿದರೆ ಮಾತ್ರ ಅರ್ಥವಾಗುವ ಪದ ಕಡಲತೀರದ ಮಕ್ಕಳಿಗೆ ಏಕೆ ಎಂಬ ಪ್ರಶ್ನೆಯನ್ನಲ್ಲ. ಗೆರೆಯೇ ಮುಖ್ಯವೆಂದು ನೀವೇ ಹೇಳಿದಿರಿ. ಹಾಗಿದ್ದರೆ ‘ಗೆರೆಗುಂಪು’ ಎನ್ನಿ.

ಮರು ಉತ್ತರ, ಶಿರಸಿಯಿಂದ

ಆರ್ದ್ರಾದಂಥ ‘ಎಂ’ ನಕ್ಷತ್ರಗಳನ್ನು ಗುರುತಿಸುವುದು ಬಿಡಿ ಗೆರೆಗಳಿಂದಲ್ಲ, ಟೈಟೇನಿಯಂ ಆಕ್ಸೈಡಿನ ಅಗಲವಾದ ಪಟ್ಟಿಗಳಿಂದ. ಆದ್ದರಿಂದ ‘ಗೆರೆಗುಂಪು’ ಅಲ್ಲಿಯೇ ಸೋಲುತ್ತದೆ. ಸೋಡಿಯಂ, ಹೈಡ್ರೋಜನ್‌ಗಳನ್ನು ಚಕಾರವೆತ್ತದೆ ಒಪ್ಪಿಕೊಂಡ ನಾವು, ರೋಹಿತದರ್ಶಕ ಎಂಬ ಉಪಕರಣದ ಹೆಸರಿನಲ್ಲಿ ಆಗಲೇ ನೆಲೆಯೂರಿರುವ ಪದವೊಂದನ್ನು ಸಂಸ್ಕೃತದ್ದೆಂಬ ಒಂದೇ ಕಾರಣಕ್ಕೆ ಹೊರಗಿಡುವುದು ನ್ಯಾಯವಲ್ಲ. ಫಲಕದ ಮೇಲೆ ‘ನಕ್ಷತ್ರಗಳ ರೋಹಿತ ವರ್ಗಗಳು’ ಎಂದು ದಪ್ಪಕ್ಷರದಲ್ಲಿ ಬರೆಸಿ, ಅದರ ಕೆಳಗೆ ‘ಬೆಳಕಿನ ಪಟ್ಟೆಯ ಕಪ್ಪು ಗೆರೆ, ಪಟ್ಟಿಗಳನ್ನು ನೋಡಿ ಮಾಡಿದ ವಿಂಗಡಣೆ’ ಎಂದು ತಿಳಿಗನ್ನಡದಲ್ಲೇ ವಿವರಿಸಿ.